ತಾಯಿಯ ಸರದಿ ಬರುವುದೆಂದು?

ಕರಾವಳಿಯ ತಾಲೂಕು ಕೇಂದ್ರವೊಂದರ ಸಾಮಾನ್ಯ ಮುಸ್ಲಿಮ್ ಕುಟುಂಬ. ತಾಯಿಗೆ ಎಪ್ಪತ್ತನಾಲ್ಕು ವರ್ಷ. ಇಪ್ಪತ್ತು ವರ್ಷಗಳ ಸಕ್ಕರೆ ಕಾಯಿಲೆ, ಅದರ ಬೆನ್ನಿಗೇ ಬಂದ ರಕ್ತದೊತ್ತಡ, ಈಗ ಮೂತ್ರಪಿಂಡದ ದೌರ್ಬಲ್ಯ. ಊರಿನ ವೈದ್ಯರು ರಕ್ತಪರೀಕ್ಷೆಯ ವರದಿ ನೋಡಿ, ಕ್ರಿಯಾಟಿನಿನ್ ಏರಿದೆ, ತಡಮಾಡದೆ ಮೂತ್ರಪಿಂಡ ತಜ್ಞರಿಗೆ ತೋರಿಸಿ ಎಂದು ಚೀಟಿ ಬರೆದುಕೊಟ್ಟರು. ಅಂದಿನಿಂದ ಆ ಮನೆಯ ಅಲೆದಾಟ ಆರಂಭವಾಯಿತು. ಜಿಲ್ಲಾ ಕೇಂದ್ರದ ಒಂದು ಆಸ್ಪತ್ರೆಯಲ್ಲಿ ಫೋನ್ ಎತ್ತುವವರಿಲ್ಲ. ಎತ್ತಿದ ದಿನ, ಮುಂದಿನ ತಿಂಗಳ ಪಟ್ಟಿಯೂ ಭರ್ತಿಯಾಗಿದೆ ಎಂಬ ಉತ್ತರ. ಇನ್ನೊಂದರಲ್ಲಿ ತಜ್ಞರು ಬರುವುದು ವಾರಕ್ಕೊಮ್ಮೆ. ಊರಿನಿಂದ ಮೊದಲ ಬಸ್ಸು ಹತ್ತಿ ಅಲ್ಲಿಗೆ ತಲುಪುವಷ್ಟರಲ್ಲಿ ಟೋಕನ್ ಮುಗಿದಿರುತ್ತದೆ. ಮೂರನೆಯದರಲ್ಲಿ ಎಲ್ಲವೂ ಮೊಬೈಲ್ ಆಪ್‌ನಲ್ಲಿ. ಆಪ್ ಕಳುಹಿಸುವ ಒಟಿಪಿ ಸಂಖ್ಯೆ ಜುಬೈಲ್‌ನಲ್ಲಿರುವ ಮಗನ ಮೊಬೈಲಿಗೆ ಹೋಗುತ್ತದೆ. ಡ್ಯೂಟಿಯಲ್ಲಿರುವ ಆತ ಅದನ್ನು ನೋಡಿ ಮನೆಗೆ ತಿಳಿಸುವಷ್ಟರಲ್ಲಿ ಅದರ ಅವಧಿ ಮುಗಿದಿರುತ್ತದೆ.

ಹೀಗೆ ಹನ್ನೊಂದು ವಾರಗಳು ಕಳೆದುವು. ಕೊನೆಗೊಂದು ದಿನ ತಜ್ಞರ ಮುಂದೆ ಕುಳಿತಾಗ ಅವರು ವರದಿಗಳನ್ನು ತಿರುವಿ ಹಾಕಿ ಸೊಸೆಯನ್ನು ಕೇಳಿದ ಮೊದಲ ಪ್ರಶ್ನೆ ಇದು: "ಇಷ್ಟು ತಡವಾಗಿ ಏಕೆ ಕರೆದುಕೊಂಡು ಬಂದಿರಿ?"

ಆ ಪ್ರಶ್ನೆಗೆ ಆಕೆಯಲ್ಲಿ ಉತ್ತರವಿರಲಿಲ್ಲ. ಮನೆಗೆ ಬಂದು ಅತ್ತಳು. ಅದು ಆಕೆಯನ್ನು ಕೇಳಬೇಕಾದ ಪ್ರಶ್ನೆಯೇ ಆಗಿರಲಿಲ್ಲ. ಹಾಗಾದರೆ ಯಾರನ್ನು ಕೇಳಬೇಕು? ಸರಕಾರವನ್ನು ಮೊದಲು ಕೇಳೋಣ. ಅನಂತರ, ಅಷ್ಟೇ ನಿಷ್ಠುರವಾಗಿ, ನಮ್ಮನ್ನು ನಾವು ಕೇಳಿಕೊಳ್ಳೋಣ.

ಮೊದಲಾಗಿ, ತಡವೆಂದರೆ ಏನೆಂಬುದನ್ನು ತಿಳಿದುಕೊಳ್ಳಬೇಕು. ಕೆಲವು ವಾರ ಹೆಚ್ಚು ಕಡಿಮೆಯಾದರೆ ಏನಾಯಿತು, ಅದು ಹಳೆಯ ಕಾಯಿಲೆ ತಾನೇ ಎಂದು ಸಮಾಧಾನ ಹೇಳುವವರಿದ್ದಾರೆ. ದೀರ್ಘಕಾಲದ ಕಾಯಿಲೆಯ ಗುಣವೇ ಬೇರೆ. ಅದು ಬಾಗಿಲು ಬಡಿಯದೆ ಒಳಗೆ ಬರುತ್ತದೆ. ಮೂತ್ರಪಿಂಡದ ಶಕ್ತಿ ಕುಂದಿದಾಗ ಅಷ್ಟರವರೆಗೆ ಹಿತಕಾರಿಯಾಗಿದ್ದ ಸಕ್ಕರೆ ಕಾಯಿಲೆಯ ಕೆಲವು ಮಾತ್ರೆಗಳ ಪ್ರಮಾಣವನ್ನು ಇಳಿಸಬೇಕಾಗುತ್ತದೆ, ಕೆಲವನ್ನು ನಿಲ್ಲಿಸಬೇಕಾಗುತ್ತದೆ. ಮಂಡಿನೋವಿಗೆಂದು ಅಂಗಡಿಯಿಂದ ತಂದು ನುಂಗುವ ನೋವಿನ ಮಾತ್ರೆ ಮೂತ್ರಪಿಂಡಕ್ಕೆ ಮತ್ತಷ್ಟು ಹಾನಿ ಮಾಡುತ್ತದೆ. ಹೃದ್ರೋಗ ತಜ್ಞರು ಕೊಟ್ಟ ಔಷಧಕ್ಕೂ ಮೂತ್ರಪಿಂಡ ತಜ್ಞರು ಕೊಡುವ ಔಷಧಕ್ಕೂ ಹೊಂದಾಣಿಕೆ ಬೇಕು. ತಜ್ಞರು ನೋಡುವವರೆಗೆ ಊರಿನ ವೈದ್ಯರು ಹಳೆಯ ಚೀಟಿಯನ್ನು ಬದಲಾಯಿಸಲು ಹಿಂಜರಿಯುತ್ತಾರೆ. ರೋಗಿ ಹಳೆಯ ಮಾತ್ರೆಯನ್ನೇ ನುಂಗುತ್ತಿರುತ್ತಾಳೆ.

ಡಯಾಲಿಸಿಸ್ ಅಗತ್ಯವಾದೀತು ಎಂದು ಮುಂಚಿತವಾಗಿ ತಿಳಿದರೆ ತೋಳಿನ ರಕ್ತನಾಳಗಳನ್ನು ಜೋಡಿಸಿ ಫಿಸ್ಟುಲಾ ಮಾಡುತ್ತಾರೆ. ಆದರೆ ಅದು ಬಲಿತು ಬಳಕೆಗೆ ಬರಲು ವಾರಗಳು, ಹಲವೊಮ್ಮೆ ತಿಂಗಳುಗಳೇ ಬೇಕು. ತಡವಾಗಿ ತಲುಪಿದ ರೋಗಿಗೆ ಕುತ್ತಿಗೆಯ ರಕ್ತನಾಳಕ್ಕೆ ತಾತ್ಕಾಲಿಕ ನಳಿಕೆ ಹಾಕಬೇಕಾಗುತ್ತದೆ. ಸೋಂಕಿನ ಅಪಾಯ ಅದರಲ್ಲಿ ಹೆಚ್ಚು. ನಮ್ಮ ಮನೆಗಳಿಗೆ ಮಾತ್ರ ಸಂಬಂಧಿಸಿದ ಇನ್ನೊಂದು ವಿಷಯವೂ ಇದೆ. ಸಕ್ಕರೆ ಕಾಯಿಲೆಯವರು ರಮಝಾನ್‌ಗೆ ಆರೆಂಟು ವಾರಗಳ ಮೊದಲೇ ವೈದ್ಯರನ್ನು ಕಂಡು ಉಪವಾಸ ಹಿಡಿಯಬಹುದೇ, ಇನ್ಸುಲಿನ್ ಹೇಗೆ ಬದಲಾಯಿಸಬೇಕು ಎಂದು ಕೇಳಿಕೊಳ್ಳಬೇಕೆಂಬುದು ತಜ್ಞರ ಸಲಹೆ. ಸರದಿ ಈದ್‌ನ ನಂತರ ಬಂದರೆ ಪ್ರಯೋಜನವೇನು? ರೋಗಿಗೆ ಅಲ್ಲಾಹನೇ ವಿನಾಯಿತಿ ಕೊಟ್ಟಿದ್ದರೂ ಒಂದು ಉಪವಾಸವನ್ನೂ ಬಿಡಲೊಪ್ಪದ ನಮ್ಮ ವೃದ್ಧ ತಾಯಂದಿರಿಗೆ, ಬೇಡಮ್ಮಾ ಎಂದು ಅಧಿಕಾರವಾಣಿಯಿಂದ ಹೇಳಬೇಕಾದವರು ಆ ತಜ್ಞರೇ ಆಗಿದ್ದರು.

ಆದ್ದರಿಂದ ಹನ್ನೊಂದು ವಾರಗಳ ವಿಳಂಬವನ್ನು ವಿಧಿ ಎಂದು ಕರೆದು ಕೈಚೆಲ್ಲುವುದು ತಪ್ಪು. ರೋಗವು ಅಲ್ಲಾಹನ ಪರೀಕ್ಷೆಯಾಗಿರಬಹುದು; ಟೋಕನ್ ಸಿಗದಿರುವುದು ಮನುಷ್ಯರ ವ್ಯವಸ್ಥೆಯ ಫಲ. ಮನುಷ್ಯರು ಮಾಡಿದ್ದನ್ನು ಮನುಷ್ಯರು ಸರಿಪಡಿಸಬಲ್ಲರು.

ಇನ್ನು ಸರಕಾರದ ಕಡೆಗೆ ಬರೋಣ. 2007ರಲ್ಲಿ ಸಂಸತ್ತು ಪೋಷಕರ ಮತ್ತು ಹಿರಿಯ ನಾಗರಿಕರ ಪೋಷಣೆ ಹಾಗೂ ಕಲ್ಯಾಣ ಕಾಯ್ದೆಯನ್ನು ಅಂಗೀಕರಿಸಿತು. ವೃದ್ಧ ತಂದೆತಾಯಿಯನ್ನು ಕೈಬಿಡುವ ಮಕ್ಕಳನ್ನು ಶಿಕ್ಷಿಸುವ ಕಾಯ್ದೆಯೆಂದು ಅದು ಪ್ರಸಿದ್ಧವಾಯಿತು. ಹಿರಿಯರನ್ನು ತ್ಯಜಿಸಿದವನಿಗೆ ಮೂರು ತಿಂಗಳವರೆಗೆ ಸೆರೆವಾಸ ಅಥವಾ ಐದು ಸಾವಿರ ರೂಪಾಯಿವರೆಗೆ ದಂಡ ಅಥವಾ ಎರಡನ್ನೂ ವಿಧಿಸಬಹುದೆಂದು ಅದರ 24ನೇ ಕಲಮು ಹೇಳುತ್ತದೆ. ಒಳ್ಳೆಯದೇ. ಆದರೆ ಅದೇ ಕಾಯ್ದೆಯ 20ನೇ ಕಲಮನ್ನು ಎಷ್ಟು ಮಂದಿ ಓದಿದ್ದಾರೆ? ಸರಕಾರಿ ಆಸ್ಪತ್ರೆಗಳಲ್ಲಿಯೂ ಸರಕಾರದ ಪೂರ್ಣ ಅಥವಾ ಭಾಗಶಃ ನೆರವು ಪಡೆಯುವ ಆಸ್ಪತ್ರೆಗಳಲ್ಲಿಯೂ ಹಿರಿಯರಿಗೆ ಸಾಧ್ಯವಾದಷ್ಟು ಹಾಸಿಗೆಗಳಿರಬೇಕು. ಹಿರಿಯರಿಗೆ ಪ್ರತ್ಯೇಕ ಸರದಿ ಇರಬೇಕು. ದೀರ್ಘಕಾಲದ ಕಾಯಿಲೆಗಳ ಚಿಕಿತ್ಸಾ ಸೌಲಭ್ಯ ವಿಸ್ತರಿಸಬೇಕು. ಪ್ರತಿಯೊಂದು ಜಿಲ್ಲಾ ಆಸ್ಪತ್ರೆಯಲ್ಲಿ ವೃದ್ಧರ ಆರೈಕೆಯಲ್ಲಿ ಅನುಭವವುಳ್ಳ ವೈದ್ಯಾಧಿಕಾರಿಯ ನೇತೃತ್ವದಲ್ಲಿ ವೃದ್ಧ ರೋಗಿಗಳಿಗೆಂದೇ ಮೀಸಲಾದ ಸೌಲಭ್ಯವಿರಬೇಕು. ಇವೆಲ್ಲ ರಾಜ್ಯ ಸರಕಾರಗಳ ಹೊಣೆ.

ಎಂಥ ವಿಪರ್ಯಾಸ ನೋಡಿ. ಮಗ ಕರ್ತವ್ಯ ತಪ್ಪಿದರೆ ಜೈಲು. ಸರಕಾರ ಕರ್ತವ್ಯ ತಪ್ಪಿದರೆ? ಆ ಕಾಯ್ದೆಯಲ್ಲಿ ಅದಕ್ಕೆ ಯಾವ ಶಿಕ್ಷೆಯೂ ಇಲ್ಲ. ತಾಯಿಯನ್ನು ಆಸ್ಪತ್ರೆಗೆ ಒಯ್ಯಲಿಲ್ಲವೆಂದು ಮಗನನ್ನು ದೂಷಿಸುವ ಸಮಾಜವು, ಒಯ್ದರೂ ನೋಡುವವರಿಲ್ಲದ ಆಸ್ಪತ್ರೆಯ ಬಗ್ಗೆ ಮೌನವಾಗಿದೆ.

2010-11ರಲ್ಲಿ ಹಿರಿಯರ ಆರೋಗ್ಯಕ್ಕಾಗಿ ರಾಷ್ಟ್ರೀಯ ಕಾರ್ಯಕ್ರಮವೊಂದು ಆರಂಭವಾಯಿತು. ಜಿಲ್ಲಾ ಆಸ್ಪತ್ರೆಗಳಲ್ಲಿ ವೃದ್ಧರಿಗೆ ಪ್ರತ್ಯೇಕ ಹೊರರೋಗಿ ವಿಭಾಗ, ಹತ್ತು ಹಾಸಿಗೆಗಳ ವಾರ್ಡು, ಪ್ರಾಥಮಿಕ ಆರೋಗ್ಯ ಕೇಂದ್ರಗಳಲ್ಲಿ ವಾರಕ್ಕೊಮ್ಮೆ ವೃದ್ಧರ ಕ್ಲಿನಿಕ್ ಎಂಬುದು ಅದರ ರೂಪುರೇಷೆ. ನಿಮ್ಮ ಊರಿನ ಆರೋಗ್ಯ ಕೇಂದ್ರದಲ್ಲಿ ಆ ಕ್ಲಿನಿಕ್ ಯಾವ ವಾರ ನಡೆಯುತ್ತದೆ ಎಂದು ಓದುಗರು ಒಮ್ಮೆ ವಿಚಾರಿಸಿ ನೋಡಬೇಕು. ನಡೆಯುತ್ತಿದ್ದರೆ ಸಂತೋಷ, ಅದನ್ನು ಬಳಸಿಕೊಳ್ಳಿ. ನಡೆಯದಿದ್ದರೆ ಅದನ್ನು ಕೇಳುವ ಹಕ್ಕು ನಿಮಗಿದೆ.

ಆಯುಷ್ಮಾನ್ ಕಾರ್ಡು ಇದೆಯಲ್ಲ ಎಂದು ಕೆಲವರು ಹೇಳಬಹುದು. 2018ರಲ್ಲಿ ಆರಂಭವಾದ ಆ ಯೋಜನೆಯಿಂದ ಅನೇಕ ಬಡ ಕುಟುಂಬಗಳಿಗೆ ಉಪಕಾರವಾಗಿದೆ ಎಂಬುದನ್ನು ನಿರಾಕರಿಸಬೇಕಾಗಿಲ್ಲ. 2024ರ ಅಕ್ಟೋಬರ್‌ನಲ್ಲಿ ಕೇಂದ್ರ ಸರಕಾರವು ಆದಾಯದ ಮಿತಿಯಿಲ್ಲದೆ ಎಪ್ಪತ್ತು ದಾಟಿದವರಿಗೂ ಅದನ್ನು ವಿಸ್ತರಿಸಿತು. ಆದರೆ ಆ ವಿಮೆ ಇರುವುದು ಆಸ್ಪತ್ರೆಗೆ ದಾಖಲಾದವರಿಗೆ. ಹೊರರೋಗಿಯಾಗಿ ತಜ್ಞರನ್ನು ಕಾಣುವ ಶುಲ್ಕಕ್ಕೆ, ತಿಂಗಳು ತಿಂಗಳು ಮಾಡಿಸುವ ರಕ್ತಪರೀಕ್ಷೆಗೆ, ಜೀವನಪರ್ಯಂತ ನುಂಗುವ ಮಾತ್ರೆಗೆ ಅದು ಒದಗುವುದಿಲ್ಲ. ತಾಯಿ ಹಾಸಿಗೆ ಹಿಡಿದ ಮೇಲೆ ಐದು ಲಕ್ಷ. ಹಾಸಿಗೆ ಹಿಡಿಯದಂತೆ ನೋಡಿಕೊಳ್ಳಲು ಏನೂ ಇಲ್ಲ! 2017ರ ರಾಷ್ಟ್ರೀಯ ಆರೋಗ್ಯ ನೀತಿಯು 2025ರೊಳಗೆ ಸರಕಾರದ ಆರೋಗ್ಯ ವೆಚ್ಚವನ್ನು ರಾಷ್ಟ್ರೀಯ ಉತ್ಪನ್ನದ ಶೇ. 2.5ಕ್ಕೆ ಏರಿಸುವ ಗುರಿ ಇಟ್ಟಿತ್ತು. 2021-22ರ ರಾಷ್ಟ್ರೀಯ ಆರೋಗ್ಯ ಲೆಕ್ಕದಲ್ಲಿ ಅದು ಶೇ. 1.84 ಮಾತ್ರ. ದೇಶದ ಒಟ್ಟು ಆರೋಗ್ಯ ವೆಚ್ಚದಲ್ಲಿ ಜನರು ತಮ್ಮ ಜೇಬಿನಿಂದ ತೆತ್ತ ಪಾಲು ಅದೇ ವರ್ಷ ಶೇ. 39.4.

ನಮ್ಮ ರಾಜ್ಯಕ್ಕೆ ವೈದ್ಯಕೀಯ ಕಾಲೇಜುಗಳ ಬರವಿಲ್ಲ. ಆದರೆ ಹೃದಯ, ಮೂತ್ರಪಿಂಡ, ನರರೋಗಗಳ ಉನ್ನತ ತಜ್ಞರು ಬೆಂಗಳೂರು, ಮಂಗಳೂರು, ಮಣಿಪಾಲ, ಮೈಸೂರು, ಹುಬ್ಬಳ್ಳಿಗಳಂಥ ಕೆಲವೇ ನಗರಗಳಲ್ಲಿ ಕಿಕ್ಕಿರಿದಿದ್ದಾರೆ. ಉತ್ತರ ಕನ್ನಡದ, ಕೊಡಗಿನ, ಯಾದಗಿರಿಯ ವೃದ್ಧರು ಬಸ್ಸು ಹತ್ತಲೇಬೇಕು. ಇದರಲ್ಲಿ ವೈದ್ಯರನ್ನು ಮಾತ್ರ ದೂಷಿಸುವುದು ಅನ್ಯಾಯ. ಬೆಳಗ್ಗಿನಿಂದ ಸಂಜೆಯವರೆಗೆ ರೋಗಿಗಳ ಸಾಲನ್ನೇ ನೋಡುವ ಸರಕಾರಿ ತಜ್ಞರು ನಮ್ಮ ಕೃತಜ್ಞತೆಗೆ ಅರ್ಹರು. ಆದರೆ ಸರದಿಯನ್ನೇ ಸರಕನ್ನಾಗಿ ಮಾಡಿ, ಸಾಮಾನ್ಯ ಶುಲ್ಕದವನಿಗೆ ಮುಂದಿನ ತಿಂಗಳು, ಹೆಚ್ಚು ತೆರುವವನಿಗೆ ಇಂದೇ ಸಂಜೆ ಎನ್ನುವ ವ್ಯವಹಾರವನ್ನು ಯಾವ ಹೆಸರಿನಿಂದ ಕರೆಯಬೇಕು?

ಕಾಗದಪತ್ರಗಳ ಗೋಳು ಬೇರೆ. ಒಂದು ಕಾರ್ಡಿನಲ್ಲಿ ಬೀಫಾತಿಮಾ, ಇನ್ನೊಂದರಲ್ಲಿ ಫಾತಿಮಾಬಿ, ಮೂರನೆಯದರಲ್ಲಿ ಬರೇ ಫಾತಿಮಾ. ಬೀಡಿ ಸುತ್ತಿ ಸವೆದ ಬೆರಳಿನ ಗುರುತು ಯಂತ್ರಕ್ಕೆ ಸಿಗುವುದಿಲ್ಲ. ಆ ಬೆರಳುಗಳು ಸವೆದದ್ದು ಮಕ್ಕಳನ್ನು ಓದಿಸಲು ಎಂಬುದು ಯಂತ್ರಕ್ಕೆ ತಿಳಿಯದು. ಯಂತ್ರದ ಹಿಂದೆ ಕುಳಿತವರಿಗಾದರೂ ತಿಳಿಯಬೇಕಿತ್ತು.

ಸರಕಾರದ ವಿರುದ್ಧ ಇಷ್ಟು ಹೇಳಿದ ಮೇಲೆ ಲೇಖನ ಮುಗಿಸಿದರೆ ನಾವೆಲ್ಲರೂ ತಲೆದೂಗಿ ಪುಟ ಮಗುಚಿ ನೆಮ್ಮದಿಯಿಂದಿರಬಹುದು. ಆದರೆ ಆ ನೆಮ್ಮದಿಗೆ ನಾವು ಅರ್ಹರೇ?

ಬನೀ ಇಸ್ರಾಈಲ್ ಅಧ್ಯಾಯದ 23 ಮತ್ತು 24ನೇ ಸೂಕ್ತಗಳನ್ನು ಕೇಳದ ಮುಸ್ಲಿಮನಿಲ್ಲ. ಅಲ್ಲಾಹನ ಆರಾಧನೆಯ ಆದೇಶದ ಬೆನ್ನಿಗೇ ತಂದೆತಾಯಿಯೊಂದಿಗೆ ಸದ್ವರ್ತನೆಯ ಆದೇಶವಿದೆ. ಅವರು ವೃದ್ಧಾಪ್ಯಕ್ಕೆ ತಲುಪಿದರೆ ಬೇಸರದ ಒಂದು ಉದ್ಗಾರವನ್ನೂ ತೆಗೆಯಬಾರದೆಂದು ಅಲ್ಲಿ ಹೇಳಲಾಗಿದೆ. ಧರ್ಮಯುದ್ಧಕ್ಕೆ ಅನುಮತಿ ಕೇಳಲು ಬಂದವನನ್ನು, ನಿನ್ನ ತಂದೆತಾಯಿ ಬದುಕಿರುವರೇ ಎಂದು ಪ್ರವಾದಿ(ಸ)ರು ವಿಚಾರಿಸಿ, ಅವರ ಸೇವೆಯಲ್ಲೇ ಶ್ರಮಿಸಲು ಮರಳಿ ಕಳುಹಿಸಿದರು. ಇವುಗಳನ್ನು ನಾವು ಖುತ್ಬಾಗಳಲ್ಲಿ ಕೇಳಿ ಕಣ್ಣೊರೆಸಿಕೊಳ್ಳುತ್ತೇವೆ. ಅನಂತರ ಏನು ಮಾಡುತ್ತೇವೆ? ಗಲ್ಫಿನಿಂದ ಹಣ ಕಳುಹಿಸುತ್ತೇವೆ. ಹಣ ಬೇಕು, ನಿಜ. ಪರದೇಶದ ಬಿಸಿಲಿನಲ್ಲಿ ದುಡಿಯುವ ಮಗನ ತ್ಯಾಗವನ್ನು ಹಗುರಾಗಿ ಕಾಣಲಾಗದು. ಆದರೆ ಹಣವು ಸರದಿಯಲ್ಲಿ ನಿಲ್ಲುವುದಿಲ್ಲ. ಹಣವು ತಾಯಿಯ ತೋಳು ಹಿಡಿದು ಮೆಟ್ಟಿಲು ಹತ್ತಿಸುವುದಿಲ್ಲ. ವೈದ್ಯರು ಹೇಳಿದ್ದನ್ನು ಕೇಳಿ ನೆನಪಿಟ್ಟುಕೊಳ್ಳುವುದಿಲ್ಲ.

ಅದನ್ನೆಲ್ಲ ಮಾಡುವವಳು ಯಾರು? ಸೊಸೆ. ಮಕ್ಕಳನ್ನು ಶಾಲೆಗೆ ಕಳುಹಿಸಿ, ಅಡುಗೆ ಮುಗಿಸಿ, ಒಂದು ಕೈಯಲ್ಲಿ ವರದಿಗಳ ಚೀಲ, ಇನ್ನೊಂದು ಕೈಯಲ್ಲಿ ಅತ್ತೆಯ ಕೈ ಹಿಡಿದು ಬಸ್ಸು ಹತ್ತುವವಳು ಅವಳು. ತಂದೆತಾಯಿಯ ಸೇವೆಯನ್ನು ಇಸ್ಲಾಮ್ ಮೊದಲು ಹೊರಿಸಿದ್ದು ಮಕ್ಕಳ ಮೇಲೆ. ಸೊಸೆ ಮಾಡುವುದು ಅವಳ ಔದಾರ್ಯ. ಆ ಔದಾರ್ಯವನ್ನು ಅವಳ ಕರ್ತವ್ಯವೆಂದು ಬರೆದುಕೊಂಡು, ತಡವಾದಾಗ ಬೈಗಳನ್ನೂ ಅವಳಿಗೇ ಕೊಡುವುದು ಯಾವ ನ್ಯಾಯ? ಊರಿನಲ್ಲಿಯೇ ಇರುವ ಇತರ ಗಂಡುಮಕ್ಕಳು ಎಲ್ಲಿದ್ದರು? ಮಾವಂದಿರು, ಭಾವಂದಿರು ಎಲ್ಲಿದ್ದರು?

ಇನ್ನೊಂದು ಕಹಿ ಸತ್ಯವನ್ನು ಹೇಳಲೇಬೇಕು. ನಮ್ಮಲ್ಲಿ ಪ್ರಭಾವವಿರುವವರು ಸರದಿಯಲ್ಲಿ ನಿಲ್ಲುವುದಿಲ್ಲ. ಪುಢಾರಿಯೊಬ್ಬರಿಂದ ಒಂದು ಫೋನ್, ಆಸ್ಪತ್ರೆಯ ಆಡಳಿತದಲ್ಲಿರುವ ಪರಿಚಿತರಿಂದ ಒಂದು ಶಿಫಾರಸು; ಕೆಲಸವಾಯಿತು. ಅದನ್ನು ಜನಸೇವೆ ಎಂದು ನಾವು ಹೊಗಳುತ್ತೇವೆ. ತುರ್ತು ಸ್ಥಿತಿಯ ರೋಗಿಗಾಗಿ ಮಾತನಾಡುವುದು ಬೇರೆ. ಆದರೆ ಆ ಶಿಫಾರಸಿನಿಂದ ನನ್ನ ತಾಯಿ ಹದಿನೈದನೆಯವಳಾಗಿ ಒಳಗೆ ಹೋದರೆ, ಹದಿನೈದನೆಯ ಸ್ಥಾನದಲ್ಲಿದ್ದ ಮತ್ತೊಬ್ಬ ವೃದ್ಧೆ ಏನಾದಳು? ನಸುಕಿನಲ್ಲಿ ಮನೆಬಿಟ್ಟು ಬಂದಿದ್ದ ಆಕೆ ಹಿಂದು, ಕ್ರೈಸ್ತ, ಮುಸ್ಲಿಮ್ ಯಾರೇ ಆಗಿರಲಿ, ಆಕೆಯೂ ಒಬ್ಬರ ತಾಯಿ. ಆಕೆಯ ಸರದಿ ಆಕೆಯ ಹಕ್ಕು. ಹಕ್ಕುಲ್ ಇಬಾದ್ ಎಂದು ನಾವು ಕಲಿತದ್ದು ಇದನ್ನೇ ಅಲ್ಲವೇ? ದಾಸರ ಹಕ್ಕನ್ನು ಕಸಿದುಕೊಂಡವನ ಕ್ಷಮೆಯು ಆ ದಾಸನ ಕೈಯಲ್ಲಿದೆ ಎಂಬುದನ್ನು ಮರೆತಿರುವೆವೇ? ಒಂದೇ ರೋಗಿಗೆ ಮೂರು ಆಸ್ಪತ್ರೆಗಳಲ್ಲಿ ಹೆಸರು ಬರೆಸಿ, ಒಂದಕ್ಕೆ ಹೋಗಿ, ಉಳಿದೆರಡನ್ನು ರದ್ದುಪಡಿಸದೆ ಬಿಡುವುದೂ ಇದೇ ಬಗೆಯ ಅಪರಾಧ. ಒಂದು ಫೋನ್ ಮಾಡಿದ್ದರೆ ಆ ಎರಡು ಸ್ಥಾನಗಳು ಇನ್ನಿಬ್ಬರಿಗೆ ಸಿಗುತ್ತಿದ್ದುವು.

ಹಿಂದೆ ನಾವು ಹೀಗಿರಲಿಲ್ಲ. 1154ರಲ್ಲಿ ನೂರುದ್ದೀನ್ ದಮಾಸ್ಕಸ್‌ನಲ್ಲಿಯೂ, 1284ರ ಸುಮಾರಿಗೆ ಸುಲ್ತಾನ್ ಖಲಾವೂನ್ ಕೈರೋದಲ್ಲಿಯೂ ಕಟ್ಟಿಸಿದ ಬೀಮಾರಿಸ್ತಾನ್‌ಗಳು ವಕ್ಫ್ ಆದಾಯದಿಂದ ನಡೆಯುತ್ತಿದ್ದ ಆಸ್ಪತ್ರೆಗಳು. ಬಡವ-ಬಲ್ಲಿದ, ಗಂಡು-ಹೆಣ್ಣು ಎಲ್ಲರಿಗೂ ಅಲ್ಲಿ ಬಾಗಿಲು ತೆರೆದಿತ್ತು. ಆ ಇತಿಹಾಸವನ್ನು ಹೇಳಿ ಹೆಮ್ಮೆಪಡುವ ನಾವು, ನಮ್ಮ ಮಹಲ್ಲಾದ ವಕ್ಫ್ ಕಟ್ಟಡದಲ್ಲಿ ಒಂದು ಮೇಜು, ಒಂದು ಫೋನು ಇಟ್ಟು ವೃದ್ಧರಿಗೆ ಟೋಕನ್ ಕಾದಿರಿಸಿ ಕೊಡುವ ವ್ಯವಸ್ಥೆಯನ್ನೂ ಮಾಡಿಲ್ಲ.

ಅಷ್ಟು ದೂರದ ಕಾಲಕ್ಕೆ ಹೋಗುವುದೂ ಬೇಡ. ನಮ್ಮ ನೆರೆಯ ಕೇರಳವನ್ನು ನೋಡಿ. 1993ರಲ್ಲಿ ಕೋಝಿಕ್ಕೋಡಿನಲ್ಲಿ ಆರಂಭವಾದ ಸಾಂತ್ವನ ಆರೈಕೆಯ ಪ್ರಯತ್ನವು ಮಲಪ್ಪುರಮ್ ಜಿಲ್ಲೆಯಲ್ಲಿ ಜನರ ಚಳವಳಿಯಾಗಿ ಬೆಳೆಯಿತು. ತರಬೇತಿ ಪಡೆದ ನೆರೆಹೊರೆಯ ಸ್ವಯಂಸೇವಕರು ನರ್ಸ್‌ಗಳೊಂದಿಗೆ ರೋಗಿಯ ಮನೆಗೇ ಹೋಗುತ್ತಾರೆ. ಅಂಗಡಿಯವರು, ವಿದ್ಯಾರ್ಥಿಗಳು, ಕೂಲಿ ಕಾರ್ಮಿಕರು ಕೊಡುವ ಸಣ್ಣ ಸಣ್ಣ ದೇಣಿಗೆಗಳಿಂದ ಕೆಲಸ ಸಾಗುತ್ತದೆ. ಜನರು ಮೊದಲು ಮಾಡಿ ತೋರಿಸಿದ ಮೇಲೆ ಸರಕಾರ ಹಿಂಬಾಲಿಸಿತು. 2008ರಲ್ಲಿ ಕೇರಳವು ಸಾಂತ್ವನ ಆರೈಕೆಗೆ ನೀತಿ ರೂಪಿಸಿದ ದೇಶದ ಮೊದಲ ರಾಜ್ಯವಾಯಿತು. ಅಲ್ಲಿಯೂ ಮಕ್ಕಳು ಗಲ್ಫಿನಲ್ಲಿದ್ದಾರೆ. ಅಲ್ಲಿಯೂ ತಾಯಂದಿರು ಒಂಟಿ. ಆದರೆ ಅಲ್ಲಿ ನೆರೆಮನೆಯವನು ಬಾಗಿಲು ತಟ್ಟುತ್ತಾನೆ.

ಹಾಗಾದರೆ ನಾವು ಮಾಡಬಹುದಾದುದೇನು? ಆಸ್ಪತ್ರೆ ಕಟ್ಟುವ ಕನಸು ಸದ್ಯಕ್ಕಿರಲಿ. ಪ್ರತಿಯೊಂದು ಜಮಾಅತ್ ತನ್ನ ವ್ಯಾಪ್ತಿಯಲ್ಲಿ ಅರುವತ್ತು ದಾಟಿದ, ದೀರ್ಘಕಾಲದ ಕಾಯಿಲೆಯಿರುವ ಹಿರಿಯರ ಪಟ್ಟಿಯೊಂದನ್ನು ಮಾಡಲಿ. ಮದುವೆಯ ನೋಂದಣಿಗೆ, ಮಾಸಿಕ ವಂತಿಗೆಗೆ ಪಟ್ಟಿ ಇಡುವವರಿಗೆ ಇದು ಕಷ್ಟದ ಕೆಲಸವಲ್ಲ. ಓದುಬರಹ ಬಲ್ಲ ಇಬ್ಬರು ಯುವಕರು ಮತ್ತು ಇಬ್ಬರು ಯುವತಿಯರು ವಾರಕ್ಕೆರಡು ದಿನ ಕುಳಿತು ಆಸ್ಪತ್ರೆಗಳಿಗೆ ಫೋನ್ ಮಾಡುವ, ಆಪ್‌ಗಳಲ್ಲಿ ಹೆಸರು ನೋಂದಾಯಿಸುವ, ಕಾರ್ಡುಗಳ ಹೆಸರು ತಿದ್ದಿಸುವ ಕೆಲಸ ವಹಿಸಿಕೊಳ್ಳಲಿ. ತಾಯಿಯ ಕಡತಕ್ಕೆ ಗಲ್ಫಿನ ಮಗನ ಸಂಖ್ಯೆಯ ಬದಲು ಮನೆಯಲ್ಲಿರುವವರ ಸಂಖ್ಯೆಯನ್ನು ಜೋಡಿಸಲಿ. ಜೊತೆಗೆ ಹೋಗಲು ಯಾರೂ ಇಲ್ಲದ ವೃದ್ಧರಿಗೆ ಸರದಿಯಂತೆ ಒಬ್ಬರು ಜೊತೆಯಾಗಲಿ. ಎಲ್ಲ ವರದಿಗಳನ್ನೂ ಔಷಧಗಳ ಪಟ್ಟಿಯನ್ನೂ ದಿನಾಂಕದಂತೆ ಜೋಡಿಸಿದ ಒಂದು ಕಡತ ಪ್ರತಿ ರೋಗಿಯ ಕೈಯಲ್ಲಿರಲಿ. ತಜ್ಞರು ಕೊಡುವ ಕೆಲವೇ ನಿಮಿಷಗಳಲ್ಲಿ ಅರ್ಧ ಸಮಯ ಹಳೆಯ ಚೀಟಿ ಹುಡುಕುವುದರಲ್ಲಿಯೇ ಕಳೆಯದಿರಲಿ. 2019ರಲ್ಲಿ ಆರಂಭವಾದ ಇ-ಸಂಜೀವನಿಯಂಥ ದೂರವೈದ್ಯಕೀಯ ಸೇವೆಯನ್ನು, ಎಲ್ಲದಕ್ಕೂ ಸಾಲದಿದ್ದರೂ, ಒಪ್ಪುವ ಸಂದರ್ಭಗಳಲ್ಲಿ ಬಳಸಲು ಕಲಿಸಲಿ. ಈ ಸೇವೆ ಮಹಲ್ಲಾದ ಮುಸ್ಲಿಮರಿಗೆ ಸೀಮಿತವಾಗದೆ ನೆರೆಯ ಎಲ್ಲ ಹಿರಿಯರಿಗೂ ದೊರೆಯಲಿ. ಒಂದು ಮದುವೆಯ ಸಭಾಂಗಣದ ಬಾಡಿಗೆಯಲ್ಲಿ ಇಂಥ ಕೆಲಸವನ್ನು ತಿಂಗಳುಗಟ್ಟಲೆ ನಡೆಸಬಹುದು.

ಅದರ ಜೊತೆಗೆ ಸರಕಾರವನ್ನೂ ಬಿಡಬಾರದು. ಜಿಲ್ಲಾ ಆಸ್ಪತ್ರೆಯಲ್ಲಿ ಹಿರಿಯರ ಪ್ರತ್ಯೇಕ ಸರದಿ ಎಲ್ಲಿದೆ, ವೃದ್ಧರ ವಾರ್ಡು ಎಲ್ಲಿದೆ, ಯಾವ ತಜ್ಞರ ಹುದ್ದೆ ಎಷ್ಟು ದಿನಗಳಿಂದ ಖಾಲಿಯಿದೆ ಎಂದು ಮಾಹಿತಿ ಹಕ್ಕಿನಡಿ ಅರ್ಜಿ ಹಾಕೋಣ. ತಾಲೂಕು ಆಸ್ಪತ್ರೆಗೆ ತಿಂಗಳಿಗೊಮ್ಮೆಯಾದರೂ ಉನ್ನತ ತಜ್ಞರು ಬರುವಂತೆ ಒತ್ತಾಯಿಸೋಣ. ಮತ ಕೇಳಲು ಬರುವವರ ಮುಂದೆ ಕಬರಸ್ತಾನದ ಆವರಣ ಗೋಡೆಯ ಬೇಡಿಕೆಯನ್ನು ಮಾತ್ರ ಇಡುವ ಅಭ್ಯಾಸ ಸಾಕು. ಕಬರಿಗೆ ಹೋಗುವ ಮೊದಲು ಆಸ್ಪತ್ರೆಯ ಬಾಗಿಲು ತೆರೆಯಬೇಕೆಂದೂ ಕೇಳೋಣ. ಆ ಬೇಡಿಕೆಯಲ್ಲಿ ಎಲ್ಲ ಧರ್ಮದ ತಾಯಂದಿರೂ ನಮ್ಮ ಜೊತೆಗಿದ್ದಾರೆ.

ಆ ತಾಯಿ ಈಗ ವಾರಕ್ಕೆ ಎರಡು ದಿನ ಡಯಾಲಿಸಿಸ್‌ಗೆ ಹೋಗುತ್ತಾರೆ. ಕುತ್ತಿಗೆಯಲ್ಲಿ ನಳಿಕೆಯಿದೆ, ತಲೆವಸ್ತ್ರದ ಅಂಚನ್ನು ಎಳೆದು ಅದನ್ನು ಮುಚ್ಚಿಕೊಳ್ಳುತ್ತಾರೆ. ಯಾರ ಮೇಲೂ ಅವರಿಗೆ ದೂರಿಲ್ಲ. ಮಗನಿಗೆ ಫೋನಿನಲ್ಲಿ, ನನಗೆ ಸುಖ, ನೀನು ಸರಿಯಾಗಿ ಊಟ ಮಾಡು ಎನ್ನುತ್ತಾರೆ. ತಾಯಂದಿರು ದೂರುವುದಿಲ್ಲ. ಆದರೆ ಎಲ್ಲವನ್ನೂ ಕೇಳಿಸಿಕೊಳ್ಳುವವನ ಮುಂದೆ ನಾವೆಲ್ಲರೂ ಒಂದು ದಿನ ನಿಲ್ಲಬೇಕಾಗಿದೆ. ಅಲ್ಲಿ ಶಿಫಾರಸಿನ ಫೋನ್ ಇಲ್ಲ, ಹೆಚ್ಚು ಶುಲ್ಕದ ಕೌಂಟರ್ ಇಲ್ಲ. ಇಷ್ಟು ತಡವಾಗಿ ಏಕೆ ಎಂಬ ಪ್ರಶ್ನೆ ಅಲ್ಲಿ ಸೊಸೆಯನ್ನು ಕೇಳಲಾಗುವುದಿಲ್ಲ. ಅಧಿಕಾರವಿದ್ದವರನ್ನು ಕೇಳಲಾಗುವುದು, ಮಕ್ಕಳನ್ನು ಕೇಳಲಾಗುವುದು, ಪಕ್ಕದ ಮನೆಯಲ್ಲಿದ್ದೂ ತಿಳಿಯದಂತಿದ್ದ ನಮ್ಮನ್ನು ಕೇಳಲಾಗುವುದು. ಉತ್ತರವನ್ನು ಸಿದ್ಧಪಡಿಸಿಕೊಳ್ಳಲು ಇನ್ನೂ ಸ್ವಲ್ಪ ಸಮಯವಿದೆ.